ರಟ್ಟಿನ ನಾಲ್ಕು ತೂತು

ರಹೀಂ ಅವರ ಇಪ್ಪತ್ತೇಳು ವರ್ಷಗಳ ಕಸುಬು ಎರಡು ಮಿಲಿಮೀಟರಿನಷ್ಟು ತಪ್ಪಿದೆಯೆಂದು ಗೊತ್ತಾದದ್ದು ನವೆಂಬರ್ ತಿಂಗಳ ಒಂದು ಗುರುವಾರ, ಬೆಳಿಗ್ಗೆ ಒಂಬತ್ತಕ್ಕೆ ಹತ್ತು ನಿಮಿಷವಿರುವಾಗ.

ಬಾಳ್ಳುಪೇಟೆಯಲ್ಲಿ ಹೆದ್ದಾರಿಯ ಪಕ್ಕಕ್ಕೇ ಅವರ ಟೈರ್ ಅಂಗಡಿ. ಮುಂದೆ ಗಾಳಿ ತುಂಬುವ ಯಂತ್ರ, ಒಳಗೆ ಟೈರ್ ಬಿಚ್ಚುವ ಯಂತ್ರ, ಹಿಂದುಗಡೆ ಮನೆ. ಲಾರಿಯವರು ಅಲ್ಲಿ ನಿಲ್ಲಿಸುವುದು ಗಾಳಿಗೆ. ಯಸಳೂರು, ಕುಂದೂರು ಕಡೆಯ ಕಾರಿನವರು ಅಷ್ಟು ದೂರದಿಂದ ಹುಡುಕಿಕೊಂಡು ಬರುವುದು ರಿಮ್ಮಿಗೆ. ಮಳೆಗಾಲ ಮುಗಿಯುವಷ್ಟರಲ್ಲಿ ಆ ಭಾಗದ ರಸ್ತೆಗಳಲ್ಲಿ ಓಡಾಡಿದ ಸಣ್ಣ ಕಾರುಗಳ ರಿಮ್ಮು ಒಂದಾದರೂ ಸೊಟ್ಟಗಾಗಿರುತ್ತದೆ. ಹೊಸದು ತರಿಸಬೇಕೇ, ಹಳೆಯದರಲ್ಲಿ ಹೊಂದುವುದನ್ನು ಆರಿಸಬೇಕೇ ಎಂಬ ಪ್ರಶ್ನೆಗೆ ರಹೀಂ ಹೇಳಿದ್ದೇ ಕೊನೆಯ ಮಾತು.

ಆರಿಸುವುದಕ್ಕೆ ಅವರದೇ ಒಂದು ಕ್ರಮವಿತ್ತು. ಅಂಗಡಿಯ ಗೋಡೆಯ ಮೊಳೆಗಳಲ್ಲಿ ಐದಾರು ದಪ್ಪ ರಟ್ಟುಗಳು ತೂಗುತ್ತಿದ್ದವು. ಒಂದೊಂದು ಬಗೆಯ ಗಾಡಿಗೆ ಒಂದೊಂದು ರಟ್ಟು. ಗಾಡಿಯ ಚಕ್ರಕ್ಕೆ ಎಷ್ಟು ನಟ್ಟೋ ರಟ್ಟಿನಲ್ಲಿ ಅಷ್ಟು ತೂತು. ಸಣ್ಣ ಸೆಡಾನ್ ಕಾರುಗಳ ನಾಲ್ಕು ತೂತಿನ ರಟ್ಟನ್ನು ಅವರು ಹನ್ನೆರಡು ವರ್ಷದ ಹಿಂದೆ ಮಗಳು ನಿಖತ್‌ಳ ಪರೀಕ್ಷೆಯ ರಟ್ಟಿನಿಂದ ಕತ್ತರಿಸಿ ಮಾಡಿದ್ದರು. ಕ್ಲಿಪ್ಪು ಇದ್ದ ಗುರುತು ಇನ್ನೂ ಅದರ ತಲೆಯ ಮೇಲಿತ್ತು. ನಿಖತ್‌ಗೆ ಈಗ ಎರಡು ಮಕ್ಕಳು. ಮೊದಲು ರಟ್ಟನ್ನು ಕಾರಿನ ನಾಲ್ಕು ಬೋಲ್ಟುಗಳಿಗೆ ತೊಡಿಸುವುದು, ಆಮೇಲೆ ಅದನ್ನೇ ರಿಮ್ಮಿನ ಮೇಲಿಟ್ಟು ನಾಲ್ಕು ಹಳೆಯ ಬೋಲ್ಟು ಇಳಿಬಿಡುವುದು. ಎರಡೂ ಕಡೆ ಸಲೀಸಾಗಿ ಕೂತರೆ ಆ ರಿಮ್ಮು ಆ ಕಾರಿಗೆ ಹೊಂದುತ್ತದೆ. ಟೇಪು ಹಿಡಿದು ಅಳೆಯುವವರನ್ನು ಕಂಡರೆ ರಹೀಂ ನಗುತ್ತಿದ್ದರು.

ಅದೇ ವಾರದ ಸೋಮವಾರ ಯಸಳೂರಿನಾಚೆಯ ಕಾಫಿ ಎಸ್ಟೇಟೊಂದರಲ್ಲಿ ಲೆಕ್ಕ ಬರೆಯುವ ರೈಟರ್ ಚಂದ್ರಶೇಖರ ತಮ್ಮ ಬೂದು ಬಣ್ಣದ ಕಾರು ತಂದಿದ್ದರು. ಎರಡು ರಿಮ್ಮು ಸೊಟ್ಟ, ಒಂದರ ಅಂಚು ಸೀಳಿತ್ತು.

“ಹಾಸನದಿಂದ ಹೊಸಾದು ತರಿಸಿದ್ರೆ ವಾರ ಹತ್ತು ದಿನ ಹಿಡೀತೈತೆ ರೈಟ್ರೇ,” ಅಂದರು ರಹೀಂ.

“ವಾರ ಎಲ್ಲಿ ಕಾಯಾಕಾಯ್ತದೆ ಮಾರಾಯ! ಗುರುವಾರ ನಮ್ಮನೆಯೋಳು ಸುಮಿತ್ರನ್ನ ಮಂಗಳೂರಿಗೆ ಕರ್ಕೊಂಡು ಹೋಗ್ಬೇಕು, ಕಣ್ಣಿನ ಆಪರೇಷನ್. ಹಣ್ಣು ಕುಯ್ಲು ಶುರುವಾಗ್ಬುಟ್ರೆ ಧಣಿಗಳು ನಂಗೆ ರಜಾ ಕೊಡಾಕಿಲ್ಲ.” ಅವರ ಕಣ್ಣು ಮೂಲೆಯಲ್ಲಿ ಜೋಡಿಸಿಟ್ಟಿದ್ದ ಐದು ಅಲಾಯ್ ರಿಮ್ಮುಗಳ ಮೇಲೆ ಬಿತ್ತು. ರಹೀಂ ಅವನ್ನು ಹಾಸನದ ಗುಜರಿಯಿಂದ ತಂದು ಉಜ್ಜಿ ಇಟ್ಟಿದ್ದರು. “ಇವು ಹೆಂಗೆ ಮಿಂಚ್ತಾವಲ್ಲೋ! ನಾಲ್ಕೂ ಇವನ್ನೇ ಹಾಕ್ಬುಡು.”

“ಮಿಂಚಿದ್ದನ್ನೆಲ್ಲ ಹಾಕಾಕಾಗಲ್ಲ ರೈಟ್ರೇ. ರಟ್ಟು ಒಪ್ಪಬೇಕು.”

“ನಿನ್ನ ರಟ್ಟೇನೋ, ಹೆಣ್ಣು ನೋಡಾಕೆ ಬಂದ ದೊಡ್ಡಪ್ಪನಾ? ಒಪ್ಪಾದು ಬುಡಾದು!”

ರಟ್ಟು ಒಪ್ಪಿತು. ರಹೀಂ ಟೈರುಗಳನ್ನು ಹಳೆಯ ರಿಮ್ಮಿನಿಂದ ಬಿಚ್ಚಿ ಅಲಾಯ್ ರಿಮ್ಮಿಗೆ ಏರಿಸಿದರು. ಕಾರಿಗೆ ಕೂರಿಸುವಾಗ ರಿಮ್ಮಿನ ನಡುವಿನ ದೊಡ್ಡ ತೂತಿಗೂ ಅದು ಕೂರಬೇಕಾದ, ಅಚ್ಚಿನ ತುದಿಯ ಹಬ್ಬಿನ ಗುಬುಟಿಗೂ ನಡುವೆ ಉಗುರು ತೂರುವಷ್ಟು ಸಂದಿ ಕಂಡಿತು. ಅವರ ಕೈ ಒಂದು ಕ್ಷಣ ನಿಂತಿತು. ನಟ್ಟು ಬಿಗಿದರೆ ತಾನಾಗಿ ಕೂರುತ್ತದೆ ಎಂದುಕೊಂಡು ಅವರು ಪಾನಾ ಎತ್ತಿಕೊಂಡರು. ಆ ಒಂದು ಕ್ಷಣ ಅವರಿಗೆ ಮುಂದೆ ಬಹಳ ಸಲ ನೆನಪಾಯಿತು.

ಗುರುವಾರ ಬೆಳಿಗ್ಗೆ ಪಂಕ್ಚರ್ ಹಾಕಿಸಲು ಬಂದವರು ನವ್ಯಶ್ರೀ. ಬಾಳ್ಳುಪೇಟೆಯಲ್ಲೇ ಮನೆ, ಆಲೂರಿನ ಕಡೆ ಒಂದು ತರಬೇತಿ ಕೇಂದ್ರದಲ್ಲಿ ಫಿಟ್ಟರ್ ಕೆಲಸ ಕಲಿಸುವವರು. ಅವರದೂ ಅಂಥದೇ ಸಣ್ಣ ಸೆಡಾನ್. ಪಂಕ್ಚರ್ ಆದ ಚಕ್ರದ ರಿಮ್ಮೂ ಸೊಟ್ಟಗಾಗಿತ್ತು. ರಹೀಂ ಉಳಿದಿದ್ದ ಐದನೆಯ ಅಲಾಯನ್ನು ಉರುಳಿಸಿಕೊಂಡು ಬಂದರು.

“ಇದರ ಅಳತೆ ಎಷ್ಟು ರಹೀಮಣ್ಣ?”

“ಅಳತೆ ಯಾಕೆ ಮೇಡಂ, ರಟ್ಟೈತಲ್ಲ.”

ನವ್ಯಶ್ರೀ ನಕ್ಕು, ಪಾಠಕ್ಕೆಂದು ಒಯ್ಯುತ್ತಿದ್ದ, ಕೂದಲೆಳೆಯಷ್ಟನ್ನೂ ಅಳೆಯುವ ವರ್ನಿಯರನ್ನು ಚೀಲದಿಂದ ತೆಗೆದರು. ಒಂದು ತೂತಿನ ಒಳ ಅಂಚಿಗೂ ಅದರ ಎದುರಿನ ತೂತಿನ ಹೊರ ಅಂಚಿಗೂ ಹಿಡಿದು ಓದಿದರು. ತೂತಿನ ಕೊಳೆಯನ್ನು ಸೆರಗಿನ ತುದಿಯಿಂದ ಒರೆಸಿ ಮತ್ತೊಮ್ಮೆ ಓದಿದರು. ನಗು ಹೋಗಿತ್ತು.

“ತೊಂಬತ್ತೆಂಟು.”

“ಏನು ತೊಂಬತ್ತೆಂಟು?”

“ಎದುರುಬದುರು ತೂತುಗಳ ನಡುವಿನ ದೂರ. ನನ್ನ ಕಾರಿಗೆ ನೂರು ಮಿಲಿಮೀಟರ್ ಬೇಕು.”

“ಎರಡೇ ತಾನೇ ಮೇಡಂ?”

“ಎರಡೇ. ಆದ್ರೆ ನಟ್ಟಿನ ಮೂತಿ ತೂತಿನ ಗುಳಿಯಲ್ಲಿ ಸುತ್ತಲೂ ಕೂರಬೇಕು. ಇದರಲ್ಲಿ ಒಂದೇ ಪಕ್ಕ ಕಚ್ಚಿಕೊಳ್ಳುತ್ತೆ. ಪಾನಾ ಹಾಕಿದವನಿಗೆ ಬಿಗಿಯಾಯ್ತು ಅನ್ಸುತ್ತೆ. ಗಾಡಿ ಓಡ್ತಾ ಓಡ್ತಾ ತಾನೇ ಸಡಿಲಾಗುತ್ತೆ. ನಡುವಿನ ತೂತೂ ದೊಡ್ಡದು, ನೋಡಿ. ಇದು ಬೇರೆ ಯಾವುದೋ ಕಾರಿಂದು.”

ರಹೀಂ ಗೋಡೆಯಿಂದ ರಟ್ಟು ತೆಗೆದು ಅವರ ಕಾರಿನ ಬೋಲ್ಟುಗಳಿಗೆ ತೊಡಿಸಿ ತೋರಿಸಿದರು: ಕೂತಿತು. ರಿಮ್ಮಿನ ಮೇಲಿಟ್ಟು ನಾಲ್ಕು ಬೋಲ್ಟು ಇಳಿಬಿಟ್ಟರು: ಅಲ್ಲಿಯೂ ಕೂತಿತು. ಗೆದ್ದವರಂತೆ ತಲೆಯೆತ್ತಿದರು. ನವ್ಯಶ್ರೀ ರಟ್ಟನ್ನು ಇಸಿದುಕೊಂಡು ಬಾಗಿಲ ಬೆಳಕಿಗೆ ಹಿಡಿದರು.

“ಈ ತೂತುಗಳು ದುಂಡಗಿಲ್ಲ ರಹೀಮಣ್ಣ. ಇದಕ್ಕೆ ನೂರೂ ಹೋಗುತ್ತೆ, ತೊಂಬತ್ತೆಂಟೂ ಹೋಗುತ್ತೆ.”

ತೂತು ಹೇಗೆ ಉದ್ದವಾಯಿತೆಂದು ರಹೀಂಗೆ ಯಾರೂ ಹೇಳಬೇಕಿರಲಿಲ್ಲ. ಪ್ರತಿ ಜುಲೈಯಲ್ಲಿ ಥಂಡಿಗೆ ರಟ್ಟು ಊದಿಕೊಂಡು ತೂತುಗಳು ಬಿಗಿಯಾಗುತ್ತಿದ್ದವು. ಪ್ರತಿ ಜುಲೈಯಲ್ಲಿ ಅವರು ಅರದಿಂದ ತೂತಿನ ಅಂಚನ್ನು ಹದವಾಗಿ ಉಜ್ಜುತ್ತಿದ್ದರು, ಬೋಲ್ಟು ಸಲೀಸಾಗಿ ಇಳಿಯುವಷ್ಟು. ಬೇಸಿಗೆಯಲ್ಲಿ ರಟ್ಟು ಒಣಗಿ ಕುಗ್ಗುತ್ತಿತ್ತು. ಉಜ್ಜಿ ಹೋದ ಅಂಚು ಮಾತ್ರ ತಿರುಗಿ ಬರುತ್ತಿರಲಿಲ್ಲ. ಹೀಗೆ ಹನ್ನೆರಡು ಮಳೆಗಾಲ. ರಟ್ಟು ಕೆಡಬಾರದೆಂದು ಮಾಡಿದ ಆರೈಕೆಯೇ ಅದನ್ನು ಕೆಡಿಸಿತ್ತು.

ಅವರು ಪಕ್ಕದ ಟೈರಿನ ಮೇಲೆ ಕೂತುಬಿಟ್ಟರು. ಗಾಳಿ ಯಂತ್ರ ತುಂಬಿ ತಾನಾಗಿ ನಿಂತಿತು.

“ಇದರ ಜೊತೆಯ ಉಳಿದ ನಾಲ್ಕೆಲ್ಲಿ?” ಎಂದು ಕೇಳಿದರು ನವ್ಯಶ್ರೀ.

ಆಗ ರಹೀಂಗೆ ಅಂದು ಗುರುವಾರವೆಂದು ನೆನಪಾಯಿತು.

ಚಂದ್ರಶೇಖರರ ಫೋನು ಹತ್ತಲಿಲ್ಲ. ಮನೆಯಿಂದ ಎಂಟಕ್ಕೆ ಹೊರಡುತ್ತೇವೆಂದಿದ್ದರು. ಆ ಕಡೆಯ ತಿರುವುಗಳಲ್ಲಿ ಫೋನು ಸಿಗುವುದೂ ಅಷ್ಟಕ್ಕಷ್ಟೇ. ಸಕಲೇಶಪುರಕ್ಕೆ ಬಂದು ಹೆದ್ದಾರಿ ಹಿಡಿದರೆ ಮುಂದೆ ದೋಣಿಗಾಲ್, ಮಾರನಹಳ್ಳಿ, ಅಲ್ಲಿಂದ ಘಾಟಿಯ ಇಳಿಜಾರು. ಮನೆಯೊಳಗಿಂದ ಬಂದ ಹೆಂಡತಿ ನಿಶಾತ್ ಗಂಡನ ಮುಖ ನೋಡಿದವರೇ ಫೋನನ್ನು ಅವರ ಕೈಯಿಂದ ತೆಗೆದುಕೊಂಡು, “ನಂಬರ್ ತೋರ್ಸಿ. ನಾನು ನನ್ನ ಫೋನಲ್ಲಿ ಮಾಡ್ತಾನೇ ಇರ್ತೀನಿ, ನೀವು ಹೊರಡಿ,” ಅಂದರು. ನವ್ಯಶ್ರೀಯ ಕಾರು ಜಾಕಿನ ಮೇಲೆ ಮೂರು ಚಕ್ರದಲ್ಲಿ ಹಾಗೇ ಉಳಿಯಿತು.

ಹಳೆಯ ವ್ಯಾನು ಅರವತ್ತರ ಮೇಲೆ ಓಡಿದರೆ ಬಾಗಿಲು ಬಡಿದುಕೊಳ್ಳುತ್ತಿತ್ತು. ಬಡಿದುಕೊಳ್ಳಲಿ ಎಂದು ಬಿಟ್ಟರು. ರಸ್ತೆಯಲ್ಲಿ ಕಂಡ ಬೂದು ಕಾರುಗಳ ಬಣ್ಣವನ್ನಾಗಲಿ ನಂಬರನ್ನಾಗಲಿ ಅವರು ನೋಡುತ್ತಿರಲಿಲ್ಲ, ಚಕ್ರ ನೋಡುತ್ತಿದ್ದರು. ಸಕಲೇಶಪುರ ದಾಟಿದರೂ ಆ ಮಿಂಚು ಕಾಣಲಿಲ್ಲ. ತಿರುವೊಂದರಲ್ಲಿ ಜನ ಗುಂಪು ಕಟ್ಟಿಕೊಂಡು ನಿಂತಿದ್ದರು. ರಹೀಂ ಬ್ರೇಕು ಒತ್ತಿ ಗಾಜು ಇಳಿಸಿದರು. ಬಸ್ಸಿಗೆ ಕಾಯುತ್ತಿದ್ದವರು.

ದೋಣಿಗಾಲ್‌ನ ಒಂದು ಹೋಟೆಲಿನ ಮುಂದೆ ಕಾರು ನಿಂತಿತ್ತು. ಗಂಡಹೆಂಡತಿ ಹೊರಗಿನ ಬೆಂಚಿನ ಮೇಲೆ ಕಾಫಿ ಕುಡಿಯುತ್ತಿದ್ದರು.

“ಏನೋ ರಹೀಂ, ನೀನೂ ಮಂಗಳೂರಿಗಾ?” ಎಂದು ಚಂದ್ರಶೇಖರ ಕೂಗಿದರು.

ರಹೀಂ ನೇರವಾಗಿ ಹೋಗಿ ಮುಂದಿನ ಎಡಚಕ್ರದ ಬಳಿ ಕುಕ್ಕರುಗಾಲಲ್ಲಿ ಕೂತರು. ನಾಲ್ಕು ನಟ್ಟಿರಬೇಕಾದಲ್ಲಿ ಮೂರಿದ್ದವು. ಒಂದನ್ನು ಎರಡು ಬೆರಳಲ್ಲಿ ಹಿಡಿದು ತಿರುಗಿಸಿದರು. ಅದು ಬಾಟಲಿಯ ಮುಚ್ಚಳದಷ್ಟು ಸುಲಭವಾಗಿ ಬಿಚ್ಚಿ ಬಂತು. ಪಕ್ಕದ್ದೂ ಬಂತು. ಮೂರನೆಯದೊಂದೇ ಚಕ್ರವನ್ನು ಹಿಡಿದುಕೊಂಡಿತ್ತು. ಎರಡು ನಟ್ಟನ್ನು ಅಂಗೈಯಲ್ಲಿಟ್ಟುಕೊಂಡು ಅವರು ಬೆಂಚಿನ ಹತ್ತಿರ ಬಂದರು.

ಚಂದ್ರಶೇಖರ ನಟ್ಟು ನೋಡಿದರು, ಚಕ್ರ ನೋಡಿದರು. ಲೋಟವನ್ನು ಬೆಂಚಿನ ಮೇಲಿಟ್ಟರು. “ನಾನು ರಸ್ತೆ ಸರಿಯಿಲ್ಲ ಅಂದ್ಕೊಂಡೆ ಕಣೋ. ಇವಳು ಯಸಳೂರು ದಾಟಿದಾಗಿಂದ ಹೇಳ್ತಾನೇ ಅವ್ಳೆ, ಕಾಲಡಿ ನಡುಗ್ತೈತೆ, ಕಾಲಡಿ ನಡುಗ್ತೈತೆ ಅಂತ. ಕಣ್ಣು ಕಾಣದೋರಿಗೆ ಎಲ್ಲಾ ನಡುಗ್ತೈತೆ ಅಂತ ಬೈದ್ಬುಟ್ಟೆ.”

“ಬೈದ್ರು,” ಅಂದರು ಸುಮಿತ್ರಮ್ಮ. ಎರಡೂ ಕಣ್ಣಿಗೆ ಪೊರೆ ಬಂದಿದ್ದರಿಂದ ಮಾತು ಬಂದ ದಿಕ್ಕಿಗೆ ಮುಖ ತಿರುಗಿಸಿ ಮಾತಾಡುತ್ತಿದ್ದರು. “ಅದಕ್ಕೇ ಕಾಫಿ ಬೇಕೇ ಬೇಕು ಅಂತ ಹಟ ಮಾಡ್ದೆ. ಇವರು ಕಾಫಿ ಅಂದ್ರೆ ನಿಲ್ಸ್ತಾರೆ, ಹೆಂಡ್ತಿ ಮಾತಿಗೆ ನಿಲ್ಸಲ್ಲ.”

“ತಪ್ಪು ರಸ್ತೇದಲ್ಲ ರೈಟ್ರೇ, ನಂದು,” ಅಂದರು ರಹೀಂ. ನಿಂತುಕೊಂಡೇ ಎಲ್ಲವನ್ನೂ ಹೇಳಿದರು: ತೊಂಬತ್ತೆಂಟು, ನೂರು, ರಟ್ಟು, ಅರ. ಉಗುರು ತೂರುವ ಸಂದಿ ತಮಗೆ ಸೋಮವಾರವೇ ಕಂಡಿತ್ತೆಂಬುದನ್ನೂ ಬಿಡಲಿಲ್ಲ.

ಬೈಗುಳ ಬರುತ್ತದೆಂದು ಕಾದರು. ಚಂದ್ರಶೇಖರ ರಸ್ತೆ ಇಳಿದುಹೋಗುವ ದಿಕ್ಕನ್ನು ನೋಡಿದರು. ಅಂದದ್ದು ಇಷ್ಟೇ:

“ಮುಂದೆ ಘಾಟಿ ಇತ್ತಲ್ಲೋ.”

ಆ ಮಾತಿಗಿಂತ ಬೈಗುಳವೇ ಹಗುರವಾಗಿರುತ್ತಿತ್ತು.

ಕಾರನ್ನು ಹೋಟೆಲಿನವರ ವಶಕ್ಕೆ ಬಿಟ್ಟು ರಹೀಂ ಇಬ್ಬರನ್ನೂ ತಮ್ಮ ವ್ಯಾನಿನಲ್ಲಿ ಕೂರಿಸಿಕೊಂಡರು. ಆಸ್ಪತ್ರೆಯಲ್ಲಿ ಹೇಳಿದ್ದ ಹೊತ್ತು ಮೀರಬಾರದಿತ್ತು. ಮಾರನಹಳ್ಳಿ ದಾಟಿ ಇಳಿಜಾರು ಶುರುವಾದಾಗ ಹಿಂದಿನ ಸೀಟಿನಿಂದ ಸುಮಿತ್ರಮ್ಮ ಕೇಳಿದರು:

“ರಹೀಮಣ್ಣ, ಈ ಗಾಡಿ ಚಕ್ರಕ್ಕೂ ಅದೇ ರಟ್ಟಾ?”

“ಇಲ್ಲಮ್ಮ. ಇವು ಗಾಡಿ ಜೊತೆ ಕಂಪನಿಯಿಂದ್ಲೇ ಬಂದಿದ್ದು.”

“ಹಂಗಾದ್ರೆ ಹೋಗಾನ.”

ಚಂದ್ರಶೇಖರ ಮೊದಲ ಸಲ ತಲೆ ತಗ್ಗಿಸಿ ನಕ್ಕರು. ಆ ನಗು ನೋಡಿದ ಮೇಲೆ ರಹೀಂರ ಕಣ್ಣು ಒದ್ದೆಯಾಯಿತು. ತೋಳಿನಿಂದ ಒರೆಸಿಕೊಂಡು ಗೇರು ಇಳಿಸಿದರು.

ಊರಿಗೆ ಮರಳಿದ ಮೇಲೆ ಅವರನ್ನು ಮತ್ತೊಂದು ಯೋಚನೆ ಹಿಡಿಯಿತು. ಆ ರಟ್ಟು ಒಪ್ಪಿದ ಕಾರುಗಳು ಇನ್ನೆಷ್ಟು? ಅವರಿಗೆ ಜನರ ಹೆಸರು ನೆನಪಿರುವುದಿಲ್ಲ, ರಿಮ್ಮು ನೆನಪಿರುತ್ತದೆ. ಆರು ಕಡ್ಡಿಯ ಅಲಾಯ್, ಕುಂದೂರಿನ ಮೇಷ್ಟರು. ಅಂಚು ಕಪ್ಪಾದದ್ದು, ಮೆಣಸು ವ್ಯಾಪಾರದವರು. ಹಾಗೆ ನೆನಪಿಸಿಕೊಂಡು, ನವ್ಯಶ್ರೀಯವರಿಂದ ವರ್ನಿಯರ್ ಎರವಲು ಪಡೆದು, ಒಂಬತ್ತು ದಿನ ಅಂಗಡಿಗೆ ಮಧ್ಯಾಹ್ನದ ಮೇಲೆ ಬೀಗ ಹಾಕಿ ಮನೆಮನೆಗೆ ಹೋದರು. ಹೋದಲ್ಲೆಲ್ಲ ಮೊದಲು ತಪ್ಪು ಹೇಳಿಕೊಂಡು ಆಮೇಲೆ ಚಕ್ರ ಬಿಚ್ಚುತ್ತಿದ್ದರು. ಕೆಲವರು ಚಹಾ ಕೊಟ್ಟರು. “ನೀವೇ ಹಿಂಗಂದ್ರೆ ನಾವು ಯಾರನ್ನ ನಂಬಾದು?” ಅಂದರು ಮೇಷ್ಟರು, ಕೋಪವಿಲ್ಲದೆ. ಇಪ್ಪತ್ತಮೂರು ಕಾರುಗಳಲ್ಲೂ ಅಳತೆ ನೂರೇ ಇತ್ತು. ಅದರಿಂದ ಅವರಿಗೆ ಸಮಾಧಾನವಾಗಲಿಲ್ಲ. ಇಪ್ಪತ್ತಮೂರರಲ್ಲೂ ಸರಿಯಾದದ್ದು ರಟ್ಟಿನಿಂದಲ್ಲ, ಅದೃಷ್ಟದಿಂದ ಎಂಬುದು ಈಗ ಗೊತ್ತಿತ್ತು.

ಹತ್ತನೆಯ ದಿನ ಹಾಸನದಿಂದ ಚಂದ್ರಶೇಖರರ ಕಾರಿನ ಮಾದರಿಯದೇ ನಾಲ್ಕು ಹೊಸ ಕಬ್ಬಿಣದ ರಿಮ್ಮುಗಳು ಬಂದವು. ದೋಣಿಗಾಲ್‌ನಿಂದ ಲಾರಿಯಲ್ಲಿ ತರಿಸಿದ್ದ ಕಾರು ಅಂಗಡಿಯ ಮುಂದಿತ್ತು. ಗಂಡಹೆಂಡತಿ ಬಸ್ಸಿನಲ್ಲಿ ಬಂದಿಳಿದರು. ಸುಮಿತ್ರಮ್ಮ ಕಪ್ಪು ಕನ್ನಡಕ ಹಾಕಿದ್ದರು. ಬಂದವರೇ ಗೋಡೆಯ ಕಡೆ ನೋಡಿದರು.

“ಎಲ್ಲಿ, ನಮ್ಮೋರು ಹೇಳ್ತಿದ್ದ ಹೆಣ್ಣು ನೋಡಾಕೆ ಬಂದ ದೊಡ್ಡಪ್ಪ ಯಾರು?”

ರಹೀಂ ರಟ್ಟು ತೆಗೆದುಕೊಟ್ಟರು. ಸುಮಿತ್ರಮ್ಮ ಕನ್ನಡಕ ಹಣೆಗೆ ಏರಿಸಿ ಆಪರೇಷನ್ ಆದ ಕಣ್ಣಿನ ಹತ್ತಿರ ಹಿಡಿದು ನೋಡಿದರು.

“ಅಯ್ಯೋ, ಕೋಳಿಮೊಟ್ಟೆ ಥರ ಐತಲ್ಲ ತೂತು! ನಂಗೇ ಕಾಣ್ತೈತೆ.”

ರಹೀಂ ರಟ್ಟನ್ನು ಈಸಿಕೊಂಡು ಪಕ್ಕಕ್ಕಿಟ್ಟರು.

“ಹಾಕಿ ರಹೀಮಣ್ಣ,” ಅಂದರು ಸುಮಿತ್ರಮ್ಮ. “ನೀವೇ ಹಾಕಿ. ನಾನಿಲ್ಲೇ ನಿಂತಿರ್ತೀನಿ.”

ರಹೀಂ ಮೊದಲ ರಿಮ್ಮನ್ನು ಮಲಗಿಸಿ ವರ್ನಿಯರ್ ಹಿಡಿದರು. ಓದಿದರು. ಮತ್ತೆ ಓದಿದರು. ಸರಿಯಾಗಿ ಓದಿದೆನೆಂದು ಮನಸ್ಸಿಗೆ ಖಾತ್ರಿಯಾಗಲಿಲ್ಲ. ಕೊನೆಗೆ ತಿರುಪು ಬಿಗಿದು, ಅಳತೆ ಕದಲದಂತೆ ಅದನ್ನು ಸುಮಿತ್ರಮ್ಮನವರ ಕಣ್ಣಿನ ಮಟ್ಟಕ್ಕೆ ಎತ್ತಿ ಹಿಡಿದರು.

“ಅಮ್ಮ, ಈ ಸೊನ್ನೆ ಗೆರೆ ಎಲ್ಲಿ ನಿಂತೈತೆ, ಓದಿ.”

“ಹತ್ತು.”

“ಹತ್ತರ ಹಿಂದೆ ಮುಂದೆ ಏನಾದ್ರೂ?”

“ಇಲ್ಲ. ಹತ್ತರ ಮೇಲೇ ಐತೆ.”

ಹತ್ತು ಸೆಂಟಿಮೀಟರ್, ನೂರು ಮಿಲಿಮೀಟರ್. ಅಡ್ಡ ಜೋಡಿಯ ತೂತುಗಳಿಗೂ ಹಿಡಿದು ತೋರಿಸಿದರು. ಅದೂ ಹತ್ತೇ.

“ಇನ್ನೂ ಮೂರು ರಿಮ್ಮವೆ. ಅವಕ್ಕೂ ನಾನೇ ಓದ್ಬೇಕಾ?”

“ಹೂಂ ಅಮ್ಮ,” ಅಂದರು ರಹೀಂ, ಎರಡನೆಯ ರಿಮ್ಮನ್ನು ಹತ್ತಿರಕ್ಕೆಳೆದುಕೊಳ್ಳುತ್ತಾ.