ನನ್ನ ಮುಖ, ಇನ್ನೊಬ್ಬರ ದನಿ

ಹದಿನೆಂಟು ವರ್ಷಗಳಿಂದ ಟಿವಿಯಲ್ಲೂ ಸಿನಿಮಾದಲ್ಲೂ ನಾಯಕಿಯ ಸೋದರಮಾವ, ಪೊಲೀಸ್ ಪೇದೆ, ಊರ ತಳವಾರ ಆಗಿದ್ದೇನೆ. ಒಂದು ಧಾರಾವಾಹಿಯಲ್ಲಂತೂ ಮೂರು ತಿಂಗಳು ಗೋಡೆಯ ಮೇಲೆ ಹಾರ ಹಾಕಿದ ಫೋಟೊ ಆಗಿದ್ದೆ. ಬಸ್ಸಿನಲ್ಲಿ ಜನ ಗುರುತು ಹಿಡಿಯುತ್ತಾರೆ, ಹೆಸರು ಮಾತ್ರ ಯಾರಿಗೂ ಗೊತ್ತಿಲ್ಲ. ಅದಕ್ಕೆ ನನಗೆ ಬೇಸರವಿಲ್ಲ. ಬೇಸರವೆಲ್ಲ ದನಿಯ ವಿಷಯಕ್ಕೆ.

ನಾನು ಆಂಧ್ರದ ಗಡಿಯ ರಾಯದುರ್ಗದ ಕಡೆಯವನು. ಬೆಂಗಳೂರಿನವರಿಗೆ ನನ್ನ ಕನ್ನಡದಲ್ಲಿ ತೆಲುಗಿನ ವಾಸನೆ, ಹೈದರಾಬಾದಿನವರಿಗೆ ನನ್ನ ತೆಲುಗಿನಲ್ಲಿ ಕನ್ನಡದ ವಾಸನೆ. ಮೂಗು ಮಾತ್ರ ಎರಡೂ ಊರಲ್ಲಿ ಬಲು ಚುರುಕು. ಹೀಗಾಗಿ ನಟಿಸುವುದು ನಾನು. ಆಮೇಲೆ ಡಬ್ಬಿಂಗ್ ಕೋಣೆಯಲ್ಲಿ ಇನ್ಯಾರೋ ನನ್ನ ತುಟಿಗೆ ತಮ್ಮ ದನಿ ಕೂಡಿಸಿ ಹೋಗುತ್ತಾರೆ.

ಭೈರವಾನಿತಿಪ್ಪದ ಹತ್ತಿರ ನಮ್ಮೂರಲ್ಲಿ ಅಕ್ಕ ಇದ್ದಾಳೆ, ಅವ್ವ ತೀರಿಕೊಂಡ ಮೇಲೆ ನನ್ನನ್ನು ಬೆಳೆಸಿದವಳು. ಸಕ್ಕರೆ ಕಾಯಿಲೆಯಿಂದ ಅವಳಿಗೆ ಈಗ ಕಣ್ಣು ಕಾಣುವುದಿಲ್ಲ. ಸಂಜೆ ಅವಳ ಸೊಸೆ, "ಬರ್ರಿ ಅತ್ತಿ, ನಿಮ್ಮ ತಮ್ಮಾರು ಬಂದ್ರು" ಎಂದು ಟಿವಿ ಮುಂದೆ ಕೂರಿಸುತ್ತಾಳೆ. ಅಕ್ಕ ಒಂದು ಗಳಿಗೆ ಕಿವಿಗೊಟ್ಟು, "ಎಲ್ಲಿ ಬಂದಾನ? ಯಾರೋ ಮಾತಾಡಾಕತ್ಯಾರ" ಎಂದು ಎದ್ದು ಹೋಗುತ್ತಾಳಂತೆ. ಫೋನಿನಲ್ಲಿ ನಾವು ಮಾತಾಡುತ್ತೇವೆ, ನಿಜ. ಆದರೂ ಊರೆಲ್ಲ ನನ್ನನ್ನು ನೋಡುವ ಹೊತ್ತಿನಲ್ಲಿ ಅವಳೊಬ್ಬಳ ಪಾಲಿಗೆ ನಾನಿಲ್ಲ. ಅದು ನನ್ನನ್ನು ತಿನ್ನುತ್ತಿತ್ತು. ಒಂದೇ ಒಂದು ಮಾತಿಗಾದರೂ ನನ್ನ ದನಿ ಉಳಿಸಿ ಎಂದು ಎಷ್ಟು ನಿರ್ದೇಶಕರ ಮುಂದೆ ಹಲ್ಲು ಗಿಂಜಿದ್ದೇನೋ.

ಈಚೆಗೆ ಒಂದು ಧಾರಾವಾಹಿಯಲ್ಲಿ ಕುರಿ ಕಾಯುವವನ ಪಾತ್ರ ಸಿಕ್ಕಿತು. ಮಡಕಶಿರಾ ಹತ್ತಿರದ ಬಯಲಲ್ಲಿ ಶೂಟಿಂಗ್. ಯಾರು ಎಷ್ಟು ಕೂಗಿದರೂ ಕುರಿಗಳು ಕದಲಲಿಲ್ಲ. ಅವುಗಳ ಹಿಂದೆಯೇ ಬೆಳೆದವನಲ್ಲವೇ ನಾನು, ನಾಲಿಗೆ ಹೊರಳಿಸಿ ಗಂಟಲಿನಿಂದ ಉದ್ದಕ್ಕೆ ಎಳೆದು ಒಮ್ಮೆ ಕರೆದೆ. ಇಡೀ ಮಂದೆ ತಿರುಗಿ ನನ್ನ ಕಡೆ ನಡೆದು ಬಂತು. ಡಬ್ಬಿಂಗಿಗೆ ಬಂದ ಕಲಾವಿದರು ಆ ಕರೆಯನ್ನು ಮಧ್ಯಾಹ್ನದವರೆಗೆ ಪ್ರಯತ್ನಿಸಿ, ಕೆಮ್ಮಿ, ಬಿಸಿನೀರು ಕುಡಿದು, ಕೈಮುಗಿದರಂತೆ. ಬೇರೆ ದಾರಿಯಿಲ್ಲದೆ ಅದೊಂದನ್ನು ನನ್ನ ದನಿಯಲ್ಲೇ ಬಿಟ್ಟರು. ಮಿಕ್ಕ ಮಾತೆಲ್ಲ ಎಂದಿನಂತೆ ಅವರದೇ.

ಅದು ಪ್ರಸಾರವಾದ ಸಂಜೆ ಫೋನು ಕೈಯಲ್ಲೇ ಹಿಡಿದು ಕೂತಿದ್ದೆ. ಧಾರಾವಾಹಿ ಮುಗಿಯುವ ಮೊದಲೇ ಅದು ಬಡಿದುಕೊಂಡಿತು.

"ಕೇಳಿದ್ನೆಪಾ! ಸೊಸಿ ಹೇಳೂಕಿಂತ ಮುಂಚೆ ನಾನ ಗುರ್ತು ಹಿಡಿದೆ, ನಮ್ಮ ತಮ್ಮ ಅಂತ ಕೂಗಿದೆ!"

ಅಕ್ಕ ನಗುತ್ತ ಅತ್ತಳು. ನಾನೂ ಅತ್ತೆ. ಇಷ್ಟು ವರ್ಷ ಬಣ್ಣ ಹಚ್ಚಿದ್ದು ಸಾರ್ಥಕವಾಯಿತು ಎಂದುಕೊಂಡೆ. ಅವಳು ಮೂಗು ಒರೆಸಿಕೊಂಡಳು. ಆಮೇಲೆ ಕೇಳಿದಳು:

"ಕುರಿಗೆ ನಿನ್ನ ದನಿ, ನಮಗ ಯಾರದೋ ದನಿ. ಯಾಕಪಾ ಹಂಗ?"