ಪಾತುಮ್ಮನ ಅಂಗಳದ ಸಿಗ್ನಲ್ ಕಂಬ

ಬಂಟ್ವಾಳ ಸ್ಟೇಶನ್ನಿಂದ ತುಸು ಆಚೆ, ಹಳಿಗೂ ರಸ್ತೆಗೂ ನಡುವೆ ಮೂಸಾನ ಗುಜರಿ ಅಂಗಡಿ. ಅದಕ್ಕೆ ತಾಗಿಯೇ ಮನೆ. ಹೆಂಡತಿ ಪಾತುಮ್ಮ ಗಡಿಯಾರ ನೋಡಿ ಅಡುಗೆ ಮಾಡಿದವಳೇ ಅಲ್ಲ. ಕಬಕ, ಪುತ್ತೂರು ಕಡೆ ಗುಜರಿ ಹೆಕ್ಕಲು ಹೋದ ಗಂಡ ಸಂಜೆಯ ರೈಲಿಗೆ ಬರುತ್ತಿದ್ದ. ಅಡುಗೆಕೋಣೆಯ ಕಿಟಕಿಗೆ ಹಳಿ ಬದಿಯ ಸಿಗ್ನಲ್ ಕಂಬದ ಕೆಂಪು ತಗಡಿನ ಕೈ ಕಾಣುತ್ತಿತ್ತು. ಕೈ ಅಡ್ಡ ಚಾಚಿದ್ದರೆ ರೈಲಿಲ್ಲ. ಕೆಳಗೆ ಬಾಗಿತೋ, ಬಂಗುಡೆ ಕಾವಲಿಗೆ. ಮೂಸಾ ಗೋಣಿ ಇಳಿಸಿ ಕೈಕಾಲು ತೊಳೆಯುವಷ್ಟರಲ್ಲಿ ಮೀನು ಎರಡೂ ಬದಿ ಕೆಂಪಗಾಗಿರುತ್ತಿತ್ತು.

ತೊಂಬತ್ತಾರರಲ್ಲಿ ಹಳಿ ಅಗಲ ಮಾಡಲಿಕ್ಕೆಂದು ರೈಲು ನಿಲ್ಲಿಸಿದರು. ಸಣ್ಣ ಹಳಿಯ ಸಾಮಾನೆಲ್ಲ ಗುಜರಿಗೆ ಬಂತು. ಗುತ್ತಿಗೆದಾರನಿಂದ ಮೂಸಾ ಕೊಂಡ ಲೋಡಿನಲ್ಲಿ ಆ ಕಂಬವೂ ಇತ್ತು, ಕೈ ಸಮೇತ. ಗುಜರಿಯವರದ್ದೊಂದು ಕ್ರಮ: ರೈಲಿನ ಕಬ್ಬಿಣವನ್ನು ಇಡಿಯಾಗಿ ಇಟ್ಟುಕೊಳ್ಳುವುದಿಲ್ಲ. ಇಟ್ಟರೆ ಕದ್ದ ಮಾಲು ಎಂಬ ಮಾತು ಬರುತ್ತದೆ. ಉಳಿದದ್ದನ್ನೆಲ್ಲ ತುಂಡರಿಸಿ ಮೂಸಾ ಕಂಬದ ಹತ್ತಿರ ಬಂದಾಗ ಪಾತುಮ್ಮ ಅಡ್ಡ ನಿಂತಳು.

"ಇದೊಂದು ಇರಲಿ."

"ಎಂತಕ್ಕೆ? ಬಟ್ಟೆ ಒಣಗಿಸಲಿಕ್ಕಾ?"

"ಹೌದು, ಒಣಗಿಸ್ತೇನೆ. ಇರಲಿ."

ಮೂಸಾ ನಗುತ್ತಾ ಕಂಬವನ್ನು ಮೂಲೆಗೆ ಉರುಳಿಸಿದ.

ಕೆಲವು ವರ್ಷಗಳಲ್ಲಿ ಮೂಸಾ ತೀರಿಕೊಂಡ. ಪಾತುಮ್ಮ ಇದ್ದತ್ತಿಗೆ ಕೂತಳು. ಆ ನಾಲ್ಕು ತಿಂಗಳ ಮೇಲೆ ಹತ್ತು ದಿನ ವಿಧವೆ ಮನೆಯಿಂದ ಹೊರಗೆ ಹೋಗುವಂತಿಲ್ಲ, ಪರಗಂಡಸರ ಎದುರು ಬರುವಂತಿಲ್ಲ. ಅಂಗಡಿ ವಹಿಸಿಕೊಂಡ ಮಗ ಶಾಹುಲ್ ಹಮೀದ್ ಇದೇ ಸಮಯವೆಂದು ಕಂಬ ತುಂಡರಿಸಲು ಗ್ಯಾಸ್ ಕಟ್ಟರಿನವನನ್ನು ಕರೆಸಿದ. ಕಟ್ಟರು ಹೊತ್ತಿಸಿದ ಸದ್ದು ಒಳಗೆ ಕೇಳಿತು. ಬಾಗಿಲ ಸಂದಿನಿಂದ ಅಮ್ಮನ ಸ್ವರ ಬಂತು.

"ಹಮೀದೇ, ಬೆಂಕಿ ಕಂಬಕ್ಕೆ ತಾಗಿತೋ, ನಾನು ಇದ್ದತ್ತು ಮುರಿದು ಹೊರಗೆ ಬಂದು ಅದನ್ನು ಅಪ್ಪಿ ನಿಲ್ತೇನೆ. ಅದರ ಪಾಪ ನಿನ್ನ ತಲೆಗೆ."

"ಉಮ್ಮಾ, ಜನ ಉಂಟು, ಮೆಲ್ಲ ಮಾತಾಡಿ!"

"ಜನ ಇರುವುದಕ್ಕೇ ಹೇಳಿದ್ದು."

ಕಟ್ಟರಿನವನೇ ಬೆಂಕಿ ಆರಿಸಿದ. "ನನಗೆ ಬೇಡಪ್ಪ ಈ ಪಾಪದ ಕೆಲಸ" ಎಂದು ಹೊರಟೇಹೋದ.

ಇದ್ದತ್ತು ಮುಗಿದ ಮೇಲೆ ಪಾತುಮ್ಮ ಅಂಗಡಿಯ ಶೆಡ್ಡಿನ ಅರ್ಧಭಾಗ ಗುಡಿಸಿ, "ಇದು ರೈಲಿನ ಹಳೆ ಸಾಮಾನಿಗೆ" ಎಂದಳು. ಹಳಿ ಕಾಯುವ ಗ್ಯಾಂಗಿನಲ್ಲಿ ದುಡಿದು ನಿವೃತ್ತನಾದ ಧರ್ಣಪ್ಪ ಕಂಬವನ್ನು ನೋಡಿ, ಮರುದಿನವೇ ತನ್ನ ಕೈದೀಪ ತಂದಿಟ್ಟ. ಬೆಳ್ತಂಗಡಿಯ ಯಾರದೋ ಹಟ್ಟಿಯಲ್ಲಿ ದನ ಕಟ್ಟುತ್ತಿದ್ದ ಹಳಿಯ ತುಂಡು ಬಂತು. ರಟ್ಟಿನ ಟಿಕೆಟುಗಳು, ಬಾವುಟ, ಗಂಟೆ ಬಂದವು. ಪುಂಜಾಲಕಟ್ಟೆ ಕಡೆಯಿಂದ ಮಾಸ್ಟ್ರು ಮಕ್ಕಳನ್ನು ಕರೆದುಕೊಂಡು ಬಂದರು. ಜನ ಅದನ್ನು ಮ್ಯೂಸಿಯಂ ಎಂದರು. ಬರುವವರಿಗೆಲ್ಲ ಪಾತುಮ್ಮನ ಒಂದೇ ಬೇಸರ: "ಕಂಬ ಮಲಗಿದೆಯಲ್ಲ! ಮಲಗಿದ ಸಿಗ್ನಲ್ ಯಾರಾದರೂ ನೋಡಿದ್ದುಂಟಾ?"

ಧರ್ಣಪ್ಪ ನಾಲ್ಕು ಜನ ಸೇರಿಸಿ ಅಂಗಳದಲ್ಲಿ ಕಂಬ ನಿಲ್ಲಿಸಿದ. ಗ್ಯಾಂಗಿನಲ್ಲಿ ಕಂಡ ಹಾಗೆಯೇ ನಿಲ್ಲಿಸಿದ: ಹಳಿಯ ಎಡಬದಿಗೆ, ಬರುವ ಗಾಡಿಗೆ ಮುಖಮಾಡಿ. ಸಿಗ್ನಲನ್ನು ಬೇರೆ ರೀತಿ ನಿಲ್ಲಿಸಬಹುದೆಂದು ಅವನ ತಲೆಗೇ ಹೋಗಲಿಲ್ಲ. ಎಳೆಯುವ ತಂತಿ ಇಲ್ಲದ್ದರಿಂದ ಕೈ ಅಡ್ಡವೇ ನಿಂತಿತು.

ಇನ್ನೂ ಮುಗಿಯದ ಅಗಲದ ಹಳಿಯ ಕೆಲಸಕ್ಕೆ ಜಲ್ಲಿ ಹೊತ್ತು ಬಂದ ಗಾಡಿಯೊಂದು ಅಡ್ಡ ಕೈ ಕಂಡು ನಿಂತುಬಿಟ್ಟಿತು. ಶಿಳ್ಳೆ ಹಾಕಿತು, ಮತ್ತೂ ಹಾಕಿತು. ತನ್ನ ಕಂಬಕ್ಕೆ ಮರ್ಯಾದೆ ಕೊಡುತ್ತಿದ್ದಾರೆಂದು ಪಾತುಮ್ಮ ಕೈ ಬೀಸಿದಳು.

ಮರುದಿನ ರೈಲಿನ ಇಂಜಿನಿಯರು ಬಂದರು.

"ಅಮ್ಮ, ನೀವು ರೈಲು ನಿಲ್ಲಿಸಿದ್ದೀರಿ! ಕಂಬ ಈಗಲೇ ತೆಗೆಯಿರಿ."

"ತೆಗೆಯಲಿಕ್ಕಿಲ್ಲ ಸಾರ್. ಜಾಗ ನಮ್ಮದು, ಕಂಬ ನಮ್ಮದು."

"ಹಳಿ ನಮ್ಮದಲ್ವಾ? ಯಾರಿಗಾದರೂ ಅಪಾಯ ಆದರೆ?"

ಪಾತುಮ್ಮ ಮಗನ ಮುಖ ನೋಡಿದಳು. ಅವನು ಕಟ್ಟರಿನ ಮಾತೆತ್ತಿಯಾನು ಎಂದು ಕಂಬಕ್ಕೆ ಒರಗಿ ನಿಂತಳು.

ಇಂಜಿನಿಯರಿಗೂ ಕನಿಕರ ಬಂತು. "ಒಂದು ದಾರಿ ಉಂಟು. ಕೆಲಸಕ್ಕಿಲ್ಲದ ಸಿಗ್ನಲಿನ ಕೈಗೆ ಅಡ್ಡಪಟ್ಟಿ ಬಡಿಯುತ್ತೇವೆ, ಕತ್ತರಿಯ ಹಾಗೆ. ಅದನ್ನು ಕಂಡರೆ ಡ್ರೈವರ್ ನಿಲ್ಲಿಸುವುದಿಲ್ಲ."

"ಅಂದರೆ ಅದು ಸತ್ತಿದೆ ಅಂತ ಬರೆದ ಹಾಗೆ. ಬೇಡ." ಪಾತುಮ್ಮ ಅಂಗಳವನ್ನು ಒಮ್ಮೆ ಅಳೆದು ನೋಡಿದಳು. "ಅದರ ಮುಖ ರಸ್ತೆ ಕಡೆ ತಿರುಗಿಸಿದರೆ? ಗಾಡಿಯವನಿಗೆ ತಗಡಿನ ಅಂಚು ಮಾತ್ರ ಕಂಡೀತು."

ಧರ್ಣಪ್ಪ ಬಾಯಿಗೆ ಕೈಯಿಟ್ಟುಕೊಂಡ. "ಸಿಗ್ನಲ್ ರಸ್ತೆಗಾ! ಎಂತ ಪಾತುಮ್ಮಕ್ಕ, ನಗ್ತಾರೆ ಜನ."

"ನಗಲಿ ಮಾರಾಯ. ಅಗೆ."

ಇಂಜಿನಿಯರು ಹಳಿಯ ಮೇಲೆ ಹೋಗಿ, ಆಚೆ ಈಚೆ ನಡೆದು ನೋಡಿದರು. "ಆಗಬಹುದು. ಆದರೆ ಇವತ್ತೇ ಆಗಬೇಕು. ಆಗದಿದ್ದರೆ ನಮ್ಮ ಜನ ಬಂದು ಕೀಳ್ತಾರೆ."

ಹಾರೆ ಹಿಡಿದು ಮೊದಲು ಗುಂಡಿಗಿಳಿದವನು ಹಮೀದ್. ಪಾತುಮ್ಮ ನೀರಿನ ಚೆಂಬು ತಂದು ಅವನ ಪಕ್ಕ ಇಟ್ಟಳು. ಮಧ್ಯಾಹ್ನದೊಳಗೆ ಕಂಬ ತಿರುಗಿತು. ಸಂಜೆ ಜಲ್ಲಿಗಾಡಿ ವೇಗ ಇಳಿಸದೆ ದಾಟಿಹೋಯಿತು.

ಧರ್ಣಪ್ಪನಿಗೆ ಇನ್ನೂ ಸಮಾಧಾನವಿಲ್ಲ. "ಇನ್ನು ಬಸ್ಸಿನವರು ನಿಲ್ಲಿಸ್ತಾರೆ ನೋಡಿ, ಅಡ್ಡ ಕೈ ಕಂಡು."

"ನಿಲ್ಲಿಸಲಿ," ಎಂದಳು ಪಾತುಮ್ಮ, ಶೆಡ್ಡಿನ ಬಾಗಿಲನ್ನು ರಸ್ತೆಯ ಕಡೆಗೆ ಅಗಲ ತೆರೆಯುತ್ತಾ. "ಇಳಿದು ಒಳಗೆ ಬರಲಿ."