ಹಳದಿ ಪುಡಿ ಮತ್ತು ಗಿರಿಜಾ ಮೇಡಂ

ಗಿರಿಜಾ ಮೇಡಂ ಪ್ರಯೋಗದ ಫಲಿತಾಂಶದ ಹಾಳೆಯನ್ನು ಕೊನೆಯ ಸಾಲಿನಿಂದ ಓದುತ್ತಿದ್ದರು. ನಾವೆಲ್ಲ ಒಳ್ಳೆಯ ಅಂಕಿ ಎಲ್ಲಿದೆಯೆಂದು ಹುಡುಕುತ್ತಿದ್ದರೆ, ಅವರ ಬೆರಳು ಪ್ರಯೋಗದ ತಟ್ಟೆಯಲ್ಲಿ ಕಿಣ್ವವನ್ನೇ ಹಾಕದ ಪುಟ್ಟ ಗುಳಿಗಳ ಅಂಕಿಯ ಮೇಲಿರುತ್ತಿತ್ತು. "ಏನೂ ಇಲ್ಲದ ಕಡೆ ಏನೂ ಇಲ್ಲ ಅಂತ ಮೊದಲು ಖಾತ್ರಿ ಮಾಡ್ಕೋಬೇಕು" ಎನ್ನುತ್ತಿದ್ದರು.

ಆಗ ಗುರ್‌ಗಾಂವ್‌ನಲ್ಲಿ ಮೆಟ್ರೋ ಇನ್ನೂ ಇರಲಿಲ್ಲ. ಅಲ್ಲಿನ ಔಷಧ ಸಂಶೋಧನಾ ಕಂಪನಿಯೊಂದರಲ್ಲಿ ನಾನು ಹೊಸಬಳು. ನನಗೆ ಕೆಲಸ ಕಲಿಸುತ್ತಿದ್ದ ಮೇಡಂ ದಾವಣಗೆರೆಯವರು, ಗಂಡ ಕೇಂದ್ರ ಸರ್ಕಾರದ ಗುಮಾಸ್ತರು, ಮನೆ ದೆಹಲಿಯ ಆರ್.ಕೆ.ಪುರಂ ಕ್ವಾರ್ಟರ್ಸಿನಲ್ಲಿ. ಕಂಪನಿ ಬಸ್ಸಿನಲ್ಲಿ ನನಗೊಂದು ಸೀಟು ಹಿಡಿದಿಟ್ಟು, ಡಬ್ಬಿಯ ಅವಲಕ್ಕಿಯಲ್ಲಿ ಪಾಲು ಕೊಡುತ್ತಿದ್ದರು.

ಡಿಎನ್ಎ ಸುತ್ತಿಕೊಂಡಿರುವ ಹಿಸ್ಟೋನ್ ಎಂಬ ಪ್ರೋಟೀನಿಗೆ ಮೀಥೈಲ್ ಎಂಬ ಪರಮಾಣು ಗುಂಪನ್ನು ಅಂಟಿಸುವ ಕಿಣ್ವವೊಂದು ಕೆಲವು ಕ್ಯಾನ್ಸರ್‌ಗಳಲ್ಲಿ ಮಿತಿಮೀರಿ ದುಡಿಯುತ್ತದೆ. ಅದನ್ನು ತಡೆಯುವ ರಾಸಾಯನಿಕವನ್ನು ಹುಡುಕುವುದು ನಮ್ಮ ಕೆಲಸ. ವಿಕಿರಣ ಸೂಸುವ ಮೀಥೈಲ್ ಹಿಸ್ಟೋನಿಗೆ ಅಂಟಿದಷ್ಟೂ ಗುಳಿಯಲ್ಲಿ ಬೆಳಕು ಮಿನುಗುತ್ತದೆ, ಯಂತ್ರ ಅದನ್ನು ಎಣಿಸುತ್ತದೆ. ಎಣಿಕೆ ಇಳಿದರೆ ಕಿಣ್ವ ನಿಂತಿದೆ ಎಂದು ಲೆಕ್ಕ.

ಮಗಳ ಬಾಣಂತನಕ್ಕೆಂದು ಮೇಡಂ ರಜೆಯಲ್ಲಿದ್ದಾಗ, ಒಂದು ಹಳದಿ ಪುಡಿ ಹಾಕಿದ ಗುಳಿಗಳಲ್ಲಿ ಎಣಿಕೆ ಪಾತಾಳಕ್ಕಿಳಿಯಿತು. ಮೂರು ವಾರ ಮತ್ತೆ ಮತ್ತೆ ಮಾಡಿದೆ, ಅದೇ ಫಲಿತಾಂಶ. ವಿಭಾಗದ ಮುಖ್ಯಸ್ಥರು ಮೇಲಿನವರಿಗೂ ಸುದ್ದಿ ಮುಟ್ಟಿಸಿದರು. ನಾನು ಊರಿಗೆ ಫೋನ್ ಮಾಡಿ ಅಮ್ಮನಿಗೆ ಹೇಳಿದೆ.

ಮೇಡಂ ಬಂದವರೇ ಕೇಳಿದರು, "ಪುಡೀನ ಕೊನೇಲಿ ಹಾಕಿ ನೋಡಿದ್ಯಾ?"

ಎಣಿಕೆ ಇಳಿದಾಗಲೆಲ್ಲ ಹಾಗೆ ನೋಡಬೇಕೆಂದು ಅವರು ಹೇಳಿಯೇ ರಜೆಗೆ ಹೋಗಿದ್ದರು. ಆತುರದಲ್ಲಿ ನಾನು ಬಿಟ್ಟಿದ್ದೆ.

ಇಬ್ಬರೂ ಕೂತು ಮಾಡಿದೆವು. ಕಿಣ್ವ ತನ್ನ ಕೆಲಸವನ್ನೆಲ್ಲ ಮುಗಿಸಿದ ಮೇಲೆ ಪುಡಿ ಹಾಕಿದೆವು. ಆಗಲೂ ಎಣಿಕೆ ಇಳಿಯಿತು. ಪುಡಿ ಕಿಣ್ವವನ್ನು ತಡೆದಿರಲೇ ಇಲ್ಲ, ಅದರ ಬಣ್ಣ ಬೆಳಕನ್ನು ನುಂಗುತ್ತಿತ್ತು.

"ಸರ್‌ಗೆ ನಾಳೆ ಹೇಳೋಣ್ವಾ ಮೇಡಂ?"

"ಇವತ್ತೇ. ನೀನೇ ಹೇಳು, ಪಕ್ಕದಲ್ಲಿ ನಾನಿರ್ತೀನಿ. ನಡಿ."

ನಾನು ಎಲ್ಲವನ್ನೂ ಹೇಳಿದೆ. ಮುಖ್ಯಸ್ಥರು, ಈ ಪರೀಕ್ಷೆಯನ್ನು ಮೊದಲೇ ಯಾಕೆ ಮಾಡಲಿಲ್ಲ ಎಂದು ಹಿಂದಿಯಲ್ಲಿ ಕೇಳಿದರು. "ನಾನು ಹೇಳಿಕೊಟ್ಟಿರಲಿಲ್ಲ ಸರ್" ಎಂದರು ಮೇಡಂ, ಹಿಂದಿಯಲ್ಲೇ. ನಾನು ನೆಲ ನೋಡುತ್ತಾ ನಿಂತೆ.

ಆ ವರ್ಷ ಅವರಿಗೆ ಬರಬೇಕಿದ್ದ ಬಡ್ತಿ ಬೇರೊಬ್ಬರಿಗೆ ಹೋಯಿತು. ಮರುವರ್ಷ ಗಂಡ ನಿವೃತ್ತರಾಗಿ, ಅವರು ಕ್ವಾರ್ಟರ್ಸ್ ಖಾಲಿ ಮಾಡುತ್ತಿದ್ದ ದಿನ ನಾನು ಹೋದೆ. ಪಾತ್ರೆಗಳನ್ನು ಹಳೆಯ ಪೇಪರಿನಲ್ಲಿ ಸುತ್ತುತ್ತಾ ಕೂತಿದ್ದರು.

"ಅವತ್ತು ನಾನು ಬಾಯಿ ಬಿಡಬೇಕಿತ್ತು ಮೇಡಂ" ಎಂದೆ.

"ಹೌದು, ಬಿಡಬೇಕಿತ್ತು" ಎಂದರು. ಲೋಟವೊಂದನ್ನು ಸುತ್ತಿ ಪಕ್ಕಕ್ಕಿಟ್ಟು, "ನಾನೂ ಸುಳ್ಳು ಹೇಳಬಾರದಿತ್ತು" ಎಂದರು.

ಅದೇ ಕೊನೆಯ ಭೇಟಿ. ಪರವಾಗಿಲ್ಲ ಬಿಡು ಅಂದಿದ್ದರೆ ನಾನು ಎಂದೋ ಮರೆತಿರುತ್ತಿದ್ದೆ.